ಮರ್ಯಾದಪ್ಪ ಇಟ್ಟ ಗೇಣಿದಾರ

ಅವನಿಗೆ ಹೆತ್ತವರು ಇಟ್ಟ ಹೆಸರು ಬೇರೆ ಇತ್ತು. ಆದರೆ ಬಸ್ಸಿನಲ್ಲಿ ಸೀಟು ಸಿಗದಿದ್ದರೂ ಮರ್ಯಾದೆ ಹೋಯಿತು, ಪಕ್ಕದ ಮನೆಯ ನಾಯಿ ಬೊಗಳಿದರೂ ಮರ್ಯಾದೆ ಹೋಯಿತು ಎನ್ನುವ ಮನುಷ್ಯನನ್ನು ನೆರೆಹೊರೆ ಎಷ್ಟು ದಿನ ತಾನೇ ಆ ಹೆಸರಿನಿಂದ ಕರೆದೀತು. ಮರ್ಯಾದಪ್ಪ ಎನ್ನುವುದೇ ಹೆಸರಾಗಿ ನಿಂತಿತು. ಹಗಲೆಲ್ಲ ಹೋಗುತ್ತಿದ್ದ ಆ ಮರ್ಯಾದೆ ಮಲಗುವಷ್ಟರಲ್ಲಿ ಹೇಗೋ ಮನೆಗೆ ವಾಪಸು ಬಂದಿರುತ್ತಿತ್ತು. ಇಲ್ಲದಿದ್ದರೆ ಮರುದಿನ ಮತ್ತೆ ಹೋಗುವುದಕ್ಕೆ ಏನಿರುತ್ತಿತ್ತು.

ಅವನು ಮಾಡುತ್ತಿದ್ದುದು ಗೇಣಿಯ ಗದ್ದೆ. ಒಡೆಯ ಪೇಟೆಯ ಒಬ್ಬ ಟೈಲರ್. ಟೈಲರಿಗೆ ಆ ನೆಲ ಬಂದಿದ್ದು ಸೋದರತ್ತೆಯಿಂದ. ಅತ್ತೆ ತೀರಿಕೊಂಡು ಎಷ್ಟೋ ವರ್ಷವಾಗಿದ್ದರೂ ಸರಕಾರದ ಕಡತದಲ್ಲಿ ಆಕೆ ಇನ್ನೂ ಗಟ್ಟಿಮುಟ್ಟಾಗಿಯೇ ಇದ್ದಳು. ಗೇಣಿಯೂ ಬಾಯಿಮಾತಿನದೇ. ಕೊಯ್ಲಾದ ಮೇಲೆ ಟೈಲರ್ ಬಂದು ತನ್ನ ಪಾಲು ತೆಗೆದುಕೊಂಡು, ಬದುವಿನ ಮೇಲೆ ಒಂದು ಸುತ್ತು ನಡೆದು ಹೋಗುತ್ತಿದ್ದ. ಒಂದು ಒರಟು ಮಾತು ಆ ಕಡೆಯಿಂದ ಬಂದದ್ದಿಲ್ಲ, ಈ ಕಡೆಯಿಂದ ಹೋದದ್ದಿಲ್ಲ.

ಹೀಗಿರುವಾಗ ಹೊಸ ಕಾನೂನು ಬಂತು. ಗೇಣಿಗೆ ಉಳುವವನು ಅಧಿಕಾರಿಯ ಎದುರು ನಿಂತು "ಬೇಕು" ಎಂದರೆ ನೆಲ ಅವನದು, ಒಡೆಯನಿಗೆ ಸರಕಾರದಿಂದ ಪರಿಹಾರ. "ಬೇಡ, ಬಿಟ್ಟುಕೊಡುತ್ತೇನೆ" ಎಂದರೆ ನೆಲ ಪೂರ್ತಿ ಒಡೆಯನದು, ಗೇಣಿ ಅಲ್ಲಿಗೇ ಮುಗಿಯಿತು. ಅಧಿಕಾರಿಗಳು ಗದ್ದೆಗೇ ಬಂದು, ಅಕ್ಕಪಕ್ಕದವರನ್ನು ಕೇಳಿ ತೀರ್ಮಾನ ಮಾಡುತ್ತಾರೆ ಎಂದೂ, ಇಷ್ಟರಲ್ಲೇ ಬರುತ್ತಾರೆ ಎಂದೂ ಸುದ್ದಿಯಾಗಿತ್ತು. ಅಂದರೆ ಮರ್ಯಾದಪ್ಪ ಇನ್ನು ಕೆಲವೇ ದಿನದಲ್ಲಿ, ಒಂದೇ ಒಂದು ಪದ ಖರ್ಚು ಮಾಡಿ, ನ್ಯಾಯವಾಗಿಯೇ ಹೊಲಗದ್ದೆ ಉಳ್ಳವನಾಗುವವನಿದ್ದ. ಮನುಷ್ಯನಿಗೆ ಅಷ್ಟು ತಾಳ್ಮೆ ಇದ್ದಿದ್ದರೆ ಈ ಕಥೆಯೇ ಇರುತ್ತಿರಲಿಲ್ಲ.

ಮಗಳಿಗೆ ಒಂದು ಸಂಬಂಧ ಕೂಡಿಬಂದಿತ್ತು. ಹುಡುಗನ ಅಪ್ಪ ಬೇಕರಿ ಯಜಮಾನ. ದೊಡ್ಡ ಹೊಟ್ಟೆ, ಅದಕ್ಕಿಂತ ದೊಡ್ಡ ದನಿ. ಗಂಡ ಹೆಂಡತಿ ಇಬ್ಬರೂ ಮಾತುಕತೆಗೆ ಹೋದರು. ಹೆಂಡತಿಯನ್ನು ಹುಡುಗನ ತಾಯಿ ಒಳಗೆ ಕರೆದುಕೊಂಡಳು. ಹೊರಗಿನ ಕೋಣೆಯಲ್ಲಿ ಮರ್ಯಾದಪ್ಪ, ಬೇಕರಿ ಯಜಮಾನ, ಮತ್ತು ತಟ್ಟೆ ತುಂಬ ಬನ್ನು.

"ಗದ್ದೆ ಸ್ವಂತದ್ದೇ ಅಲ್ವಾ?" ಎಂದ ಬೇಕರಿ ಯಜಮಾನ.

ಮರ್ಯಾದಪ್ಪನ ಬಾಯಿ ತುಂಬಿತ್ತು. "ಹೂಂ" ಎಂದ.

ಬಾಯಲ್ಲಿ ಬನ್ನು ಇರದಿದ್ದರೆ ನಿಜವನ್ನೇ ಹೇಳುತ್ತಿದ್ದೆ ಎಂದು ಅವನು ಆಮೇಲೆ ಹೆಂಡತಿಯ ಮುಂದೆ ವಾದಿಸಿದ್ದುಂಟು. ಆದರೆ ಎರಡನೇ ಪ್ರಶ್ನೆ ಬರುವ ಹೊತ್ತಿಗೆ ಬನ್ನು ಗಂಟಲಿಳಿದಾಗಿತ್ತು.

"ಉಳೋದು ಬಿತ್ತೋದು ಎಲ್ಲ ನೀವೇನಾ?"

"ಅಯ್ಯೋ, ನಾನೆಲ್ಲಿ. ಒಬ್ಬ ಗೇಣಿದಾರ ಇದ್ದಾನೆ. ವಯಸ್ಸಾಗಿದೆ ಪಾಪ. ಬಿಡಿಸೋಣ ಅಂದ್ರೆ ಮನಸ್ಸು ಬರಲ್ಲ."

ಬೇಕರಿ ಯಜಮಾನ ತೊಡೆ ತಟ್ಟಿಕೊಂಡ. "ಅದು ದೊಡ್ಡತನ. ಗುರುವಾರ ನಾವೇ ಬರ್ತೀವಿ. ನಿಮ್ಮ ಗದ್ದೆ ನೋಡೋಣ, ಆ ಪುಣ್ಯಾತ್ಮನನ್ನೂ ನೋಡೋಣ."

ಮನೆಗೆ ಬಂದು ಬಾಗಿಲು ಹಾಕಿಕೊಂಡ ಮೇಲೆ ಮರ್ಯಾದಪ್ಪ ಹೆಂಡತಿಗೆ ಹೇಳಿದ, ಅದೂ ಅರ್ಧ. ಗದ್ದೆ ಸ್ವಂತದ್ದು ಅಂದುಬಿಟ್ಟೆ ಎಂದ. ಗೇಣಿದಾರನ ಸುದ್ದಿ ನುಂಗಿಕೊಂಡ.

ಹೆಂಡತಿ ಹಣೆ ಚಚ್ಚಿಕೊಳ್ಳಲಿಲ್ಲ, ಅಳಲಿಲ್ಲ. "ಇನ್ನೊಂದು ವಾರ ಬಾಯಿ ಮುಚ್ಚಿಕೊಂಡಿದ್ರೆ ಆ ಸುಳ್ಳು ತಾನಾಗೇ ನಿಜ ಆಗ್ತಿತ್ತಲ್ಲ. ಹಣ್ಣಾಗೋ ಕಾಯಿನೂ ಕಿತ್ತು ಹಾಳು ಮಾಡ್ತೀರಲ್ಲ ನೀವು" ಎಂದಷ್ಟೇ ಹೇಳಿ ಒಲೆಯ ಕಡೆ ಹೋದಳು. ಬೈದಿದ್ದರೆ ಚೆನ್ನಾಗಿತ್ತು ಎನಿಸಿತು ಅವನಿಗೆ.

ಗುರುವಾರಕ್ಕೆ ಮುಂಚೆ ನೆರೆಯವರ ಬಾಯಿ ಕಟ್ಟಬೇಕಿತ್ತು. ಆಚೆ ಗದ್ದೆಯ ಗಾಡಿ ಮಾವನ ಬಳಿಗೂ ಈಚೆ ಮನೆಯ ಎಮ್ಮೆ ಅಕ್ಕನ ಬಳಿಗೂ ಹೋಗಿ, ಮಗಳ ಬಾಳಿನ ಪ್ರಶ್ನೆ ಎಂದು ಕೈಮುಗಿದ. "ಯಾರೇ ಬಂದು ಕೇಳಲಿ, ಹೇಗೇ ಕೇಳಲಿ, ಈ ಗದ್ದೆ ನಂದು ಅನ್ನಿ. ನಾನೇ ಬಂದು ಕೇಳಿದ್ರೂ ಹಾಗೇ ಅನ್ನಿ."

"ನೀನೇ ಕೇಳಿದ್ರೂನಾ?" ಎಂದ ಗಾಡಿ ಮಾವ. ಅವನಿಗೆ ಯಾವ ಕೆಲಸವನ್ನೂ ಸರಿಯಾಗಿ ತಿಳಿದುಕೊಂಡು ಮಾಡುವ ಅಭ್ಯಾಸ.

"ನಾನೇ ಕೇಳಿದ್ರೂ. ಪರೀಕ್ಷೆ ಅಂತ ತಿಳ್ಕೊ."

ಗೇಣಿದಾರನಾಗಿ ನಿಲ್ಲಲು ಮಾತ್ರ ಯಾರೂ ಒಪ್ಪಲಿಲ್ಲ. "ಮಾತಲ್ಲಿ ಬೇಕಾದ್ರೆ ನಿನ್ನನ್ನ ರಾಜನ್ನ ಮಾಡ್ತೀನಿ. ಆದ್ರೆ ನಾನು ನಿನ್ನ ಕೈಕೆಳಗೆ ಅಂದ್ರೆ ಆಗಲ್ಲ. ನನಗೂ ಮರ್ಯಾದೆ ಇದೆ" ಎಂದ ಗಾಡಿ ಮಾವ. ಗೇಣಿದಾರನಿಗೆ ಹುಷಾರಿಲ್ಲ, ಮಗನ ಮನೆಗೆ ಹೋಗಿದ್ದಾನೆ ಎಂದು ಹೇಳುವುದೆಂದು ಮರ್ಯಾದಪ್ಪ ನಿಶ್ಚಯಿಸಿಕೊಂಡ.

ಗುರುವಾರ ಅವನು ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟ. ಕಾಲಿಗೆ ಬೂಟು. ಗದ್ದೆಗೂ ಬೂಟಿಗೂ ಅದೇ ಮೊದಲ ಪರಿಚಯ. ಬಸ್ಸಿನಿಂದ ಇಳಿದ ಬೇಕರಿ ಯಜಮಾನನನ್ನೂ ಅವನ ಹೆಂಡತಿಯನ್ನೂ ಕರೆದುಕೊಂಡು ಬದುವಿನ ಮೇಲೆ ಹೆಜ್ಜೆ ಇಡುತ್ತ, "ಇಲ್ಲಿಂದ ಅಲ್ಲಿವರೆಗೂ" ಎಂದು ಕೈ ಬೀಸಿದ. ಬೀಸಿದ ಕೈ ಅಲ್ಲೇ ನಿಂತಿತು.

ಗದ್ದೆಯ ಮಧ್ಯದಲ್ಲಿ ಟೈಲರ್ ಇದ್ದ.

ಅಧಿಕಾರಿಗಳು ಅಂದೇ ಬರುತ್ತಾರೆ ಎಂದು ಪೇಟೆಯಲ್ಲಿ ಗೊತ್ತಾಗಿ, ಎಲ್ಲೆ ತೋರಿಸಲು ಅವನು ಬೆಳಿಗ್ಗೆಯೇ ಬಂದಿದ್ದ. ಬಂದು ನೋಡಿದರೆ ಬದು ಒಂದು ಕಡೆ ಒಡೆದು ನೀರು ಹರಿದುಹೋಗುತ್ತಿತ್ತು. ಮರ್ಯಾದಪ್ಪ ಅಂಗಿಗೆ ಇಸ್ತ್ರಿ ಹಾಕುತ್ತಿದ್ದ ಹೊತ್ತು ಅದು. ಪಾಪ, ಟೈಲರ್ ಚಪ್ಪಲಿ ಬಿಟ್ಟು, ಪ್ಯಾಂಟು ಮಡಚಿ, ಬದುವಿನ ಮೇಲಿದ್ದ ಗುದ್ದಲಿ ತೆಗೆದುಕೊಂಡು ಕೆಸರಿಗೆ ಇಳಿದಿದ್ದ. ಸೂಜಿ ಹಿಡಿದ ಮುದಿ ಕೈ. ಒಂದು ಗುದ್ದಲಿ ಮಣ್ಣು ಬದುವಿಗೆ ಬಿದ್ದರೆ ಎರಡು ಗುದ್ದಲಿ ಅವನ ಮೇಲೆ ಬೀಳುತ್ತಿತ್ತು.

"ಇವನೇನಾ ನಿಮ್ಮ ಗೇಣಿದಾರ?" ಎಂದ ಬೇಕರಿ ಯಜಮಾನ.

ಅಲ್ಲ ಎನ್ನುವುದಕ್ಕೆ ಮರ್ಯಾದಪ್ಪ ಬಾಯಿ ತೆರೆದ. ಅಲ್ಲವಾದರೆ ಯಾರು ಎಂಬ ಪ್ರಶ್ನೆ ಬರುತ್ತದೆ ಎಂದು ಹೊಳೆದು ಬಾಯಿ ಮುಚ್ಚಿದ. ಹೀಗೆ ತೆರೆದು ಮುಚ್ಚುವುದರೊಳಗೆ ಬೇಕರಿ ಯಜಮಾನ ಉತ್ತರವನ್ನು ತಾನೇ ಕೊಟ್ಟುಕೊಂಡಾಗಿತ್ತು.

"ಏನಪ್ಪಾ, ಬಾಯಾರಿಕೆ ಆಗಿದೆ, ಸ್ವಲ್ಪ ಕುಡಿಯೋ ನೀರು ತಾ" ಎಂದು ಕೂಗಿದ.

ಟೈಲರ್ ತಲೆಯೆತ್ತಿ ನೋಡಿದ. ಬೇಕರಿ ಯಜಮಾನನ ಬೆನ್ನ ಹಿಂದೆ ಮರ್ಯಾದಪ್ಪ ಎರಡೂ ಕೈ ಜೋಡಿಸಿ ನಿಂತಿದ್ದ. ಮುಖ ಸುಣ್ಣದಂತಾಗಿತ್ತು. ಹುಡುಗನ ತಾಯಿಯ ಹೊಸ ಬಟ್ಟೆ, ಮರ್ಯಾದಪ್ಪನ ಬೂಟು, ಎಲ್ಲವನ್ನೂ ಟೈಲರ್ ಒಮ್ಮೆ ನೋಡಿದ. ಮದುವೆ ಮಾತುಕತೆಯ ದಿನ ಜನ ಏನೇನಾಗುತ್ತಾರೆ ಎಂಬುದನ್ನು ಅವನು ಅಂಗಡಿಯಲ್ಲಿ ಕೂತು ಜೀವಮಾನವೆಲ್ಲ ನೋಡಿದವನು. "ಆಯ್ತು ಸ್ವಾಮಿ" ಎಂದು ಕೆಸರಿನಿಂದ ಎದ್ದು ನೀರಿಗೆ ಹೋದ.

ಆ ಹೊತ್ತಿನಲ್ಲಿ ಭೂಮಿ ಬಾಯ್ಬಿಟ್ಟಿದ್ದರೆ, ಅದು ಯಾರ ಹೆಸರಿನಲ್ಲಿದೆ ಎಂದು ನೋಡದೆ ಮರ್ಯಾದಪ್ಪ ಒಳಗೆ ಹೋಗಿಬಿಡುತ್ತಿದ್ದ.

ನೀರು ಕುಡಿದು ತಣ್ಣಗಾದ ಬೇಕರಿ ಯಜಮಾನನಿಗೆ ಲೋಕಜ್ಞಾನ ಹಂಚುವ ಉಮೇದು ಬಂತು. "ನೋಡು, ನಿಮ್ಮ ಯಜಮಾನರ ಅಂಗಿ ಹೇಗಿದೆ. ಇಂಥ ಒಳ್ಳೆಯವರ ಹತ್ತಿರ ಇದೀಯ, ಪುಣ್ಯ ನಿಂದು."

"ಹೌದು ಸ್ವಾಮಿ" ಎಂದ ಟೈಲರ್, ತಾನೇ ಹೊಲಿದಿದ್ದ ಆ ಅಂಗಿಯನ್ನು ನೋಡುತ್ತ. "ಬಲಗೈ ಮಾತ್ರ ಸ್ವಲ್ಪ ಉದ್ದ ಆಗಿದೆ."

"ಎದುರಾಡ್ತಾನಲ್ಲ" ಎಂದು ಬೇಕರಿ ಯಜಮಾನ ಮರ್ಯಾದಪ್ಪನ ಕಿವಿಯಲ್ಲಿ ಅಂದ. ಅವನ ಪಿಸುಮಾತು ಮೂರು ಗದ್ದೆಗೆ ಕೇಳಿಸುತ್ತಿತ್ತು. "ಹೊಸ ಕಾನೂನು ಗೊತ್ತಲ್ಲ? ನೀವು ಪಾಪ ಪಾಪ ಅಂತಿರಿ, ಇವನು ಒಂದಿನ ಬೇಕು ಅಂದು ಗದ್ದೆ ನುಂಗಿ ನೀರು ಕುಡೀತಾನೆ. ಬಿಟ್ಟುಕೊಡ್ತೀನಿ ಅಂತ ಈಗಲೇ ಬಾಯಿಬಿಡಿಸಿ." ಮರ್ಯಾದಪ್ಪ ಅಲುಗದಿರುವುದನ್ನು ಕಂಡು ತಾನೇ ತಿರುಗಿದ. "ಏನಪ್ಪಾ, ಈ ನೆಲ ಬಿಟ್ಟುಕೊಡ್ತೀಯೋ ಇಲ್ವೋ?"

"ಬಿಟ್ಟುಕೊಡೋದಾ? ಯಾರಿಗೆ?" ಎಂದ ಟೈಲರ್. ಈ ಸಲ ಅವನು ನಿಜವಾಗಿಯೂ ಕೇಳಿದ್ದ.

ಅಷ್ಟರಲ್ಲಿ ರಸ್ತೆಯಲ್ಲಿ ಜೀಪು ನಿಂತಿತು. ಭೂಮಿ ಆಫೀಸಿನ ಮೇಡಂ ಇಳಿದರು, ಹಿಂದೆ ಕಡತ ಹೊತ್ತ ಗುಮಾಸ್ತ. ಮೇಡಂ ಬಿಸಿಲಿಗೆ ಕಣ್ಣು ಕಿರಿದು ಮಾಡಿ ಕೇಳಿದರು. "ಕಡತದಲ್ಲಿರೋ ಹೆಂಗಸು ತೀರಿಕೊಂಡಿದಾರಂತೆ. ವಾರಸುದಾರರು ಯಾರು? ಗೇಣಿದಾರ ಯಾರು?"

ಬೇಕರಿ ಯಜಮಾನನಿಗೆ ಯಾರಾದರೂ ಪ್ರಶ್ನೆ ಕೇಳಿದರೆ ಉತ್ತರ ಕೊಡದೆ ಇರಲಾಗುತ್ತಿರಲಿಲ್ಲ. "ಇವರು ಒಡೆಯರು, ನಮ್ಮ ಬೀಗರಾಗೋರು. ಅಗೋ ಅವನು ಗೇಣಿದಾರ" ಎಂದ.

ಜೀಪು ಕಂಡು ಗಾಡಿ ಮಾವನೂ ಎಮ್ಮೆ ಅಕ್ಕನೂ ಓಡಿಬಂದಿದ್ದರು. ಜೀಪಿನಲ್ಲಿ ಬಂದವರೂ ಹುಡುಗನ ಕಡೆಯವರೇ ಎಂದುಕೊಂಡ ಅವರು ತಮ್ಮ ಪಾಠ ಒಪ್ಪಿಸಿದರು. "ಈ ಗದ್ದೆ ಇವನದ್ದೇ" ಎಂದರು ಇಬ್ಬರೂ ಒಂದೇ ಉಸಿರಿಗೆ.

"ಸತ್ತ ಆಕೆಗೆ ಇವರು ಏನಾಗಬೇಕು?"

ಪಾಠದಲ್ಲಿ ಈ ಪ್ರಶ್ನೆ ಇರಲಿಲ್ಲ. ಆದರೂ ಗಾಡಿ ಮಾವ ಬಿಟ್ಟುಕೊಡಲಿಲ್ಲ. "ಸ್ವಂತ ಅಣ್ಣನ ಮಗ ಮೇಡಂ. ಮೂಗು ನೋಡಿ, ಅದೇ ಮೂಗು." ಸತ್ತವಳ ನಿಜವಾದ ಅಣ್ಣನ ಮಗ ಪಕ್ಕದಲ್ಲೇ ನಿಂತು ತನ್ನ ಮೂಗು ಮುಟ್ಟಿ ನೋಡಿಕೊಂಡ.

ಮೇಡಂ ಇಬ್ಬರನ್ನೂ ನೋಡಿದರು. ಒಬ್ಬ ಬಿಳಿ ಅಂಗಿ, ಬೂಟು. ಇನ್ನೊಬ್ಬ ಮಂಡಿವರೆಗೆ ಕೆಸರು, ಕೈಯಲ್ಲಿ ಗುದ್ದಲಿ. ಯಾವ ದೇಶದ ಯಾವ ಅಧಿಕಾರಿಯಾದರೂ ಬೇರೆ ತೀರ್ಮಾನಕ್ಕೆ ಬರುತ್ತಿರಲಿಲ್ಲ. ಅವರು ಟೈಲರಿನ ಹತ್ತಿರ ಹೋಗಿ ಮೆಲ್ಲಗೆ ಹೇಳಿದರು. "ಹೆದರಬೇಡಿ ಅಜ್ಜ. ಕಾನೂನು ನಿಮ್ಮ ಕಡೆ ಇದೆ. ಬೇಕು ಅಂದ್ರೆ ಈ ನೆಲ ಇವತ್ತಿನಿಂದ ನಿಮ್ಮದು. ಇವರು ಯಾರೂ ಏನೂ ಮಾಡೋಕಾಗಲ್ಲ. ಹೇಳಿ, ಬೇಕಾ, ಬಿಟ್ಟುಕೊಡ್ತೀರಾ?"

ಮರ್ಯಾದಪ್ಪನಿಗೆ ಅದು ಆಗ ಅರ್ಥವಾಯಿತು. ನನ್ನದು ಎಂದದ್ದರಿಂದಲೇ ಗದ್ದೆ ಕೈಬಿಟ್ಟು ಹೋಗುತ್ತಿತ್ತು. ಟೈಲರ್ "ಬೇಕು" ಎಂದರೆ, ಗೇಣಿದಾರನಿಗೆ ಸೇರಬೇಕಾದ ನೆಲ ಗೇಣಿದಾರನ ಹೆಸರಿನಲ್ಲೇ ಒಡೆಯನಿಗೆ ಉಳಿಯುತ್ತದೆ. ನಾಳೆ ಬೆಳಿಗ್ಗೆ ಎದ್ದು ಹೋಗಲು ಅವನಿಗೆ ಒಂದು ಬದು ಕೂಡ ಇರುವುದಿಲ್ಲ. ಗೇಣಿದಾರ ನಾನು ಎಂಬ ಎರಡು ಪದ ಸಾಕಿತ್ತು. ಅವು ಗಂಟಲಿನವರೆಗೆ ಬಂದು, ಬೇಕರಿ ಯಜಮಾನನ ಹೊಟ್ಟೆ ಕಂಡು ಹಿಂದಿರುಗಿದವು.

ಟೈಲರ್ ಗದ್ದೆಯನ್ನು ಆ ತುದಿಯಿಂದ ಈ ತುದಿಯವರೆಗೆ ನೋಡಿದ. ಆಮೇಲೆ ಗುದ್ದಲಿ ಕೆಳಗಿಟ್ಟು, "ಬಿಟ್ಟುಕೊಡ್ತೀನಿ" ಎಂದ.

"ನೋಡಿ ಹೇಳಿ. ಹಾಗಂದ್ರೆ ನೆಲ ಪೂರ್ತಿ ಈ ಅಂಗಿಯವರದ್ದಾಗುತ್ತೆ. ನಿಮಗೆ ಪರಿಹಾರವೂ ಸಿಗಲ್ಲ."

"ಗೊತ್ತು ಮೇಡಂ. ಆಗಲಿ. ಅವರ ಮಗಳ ವಿಷಯ ಇದೆ."

ಬೇಕರಿ ಯಜಮಾನ ಮರ್ಯಾದಪ್ಪನ ಬೆನ್ನು ತಟ್ಟಿದ. "ಗೆದ್ದಿರಿ ಬೀಗರೇ" ಎಂದ. ಗುಮಾಸ್ತ ಪೆನ್ನು ತೆರೆದು ಬರೆಯತೊಡಗಿದ. ಗೇಣಿಯಿಲ್ಲ, ಪರಿಹಾರವಿಲ್ಲ, ಇಡೀ ಗದ್ದೆ ಒಂದು ಸುಳ್ಳಿನ ಬೆಲೆಗೆ ಮರ್ಯಾದಪ್ಪನದಾಗುತ್ತಿತ್ತು. ತಟ್ಟಿದ ಕೈ ಬೆನ್ನ ಮೇಲೆ ಇನ್ನೂ ಇತ್ತು. ಅದು ಕಾದ ಬಾಣಲೆಯಂತೆ ಸುಟ್ಟಿತು.

"ಬರೀಬೇಡಿ" ಎಂದ ಮರ್ಯಾದಪ್ಪ. "ಗೇಣಿದಾರ ನಾನು. ಅವರು ಒಡೆಯರು. ನಾನು ಸುಳ್ಳು ಹೇಳಿದೆ."

ಜೀವನದಲ್ಲಿ ಮೊದಲ ಸಲ ಧೈರ್ಯ ಮಾಡಿ ನಿಜ ಹೇಳಿದವನನ್ನು ಜನ ನಂಬಬೇಕಿತ್ತು. ಒಬ್ಬರೂ ನಂಬಲಿಲ್ಲ.

ಬೇಕರಿ ಯಜಮಾನನ ಕಣ್ಣು ತುಂಬಿ ಬಂತು. "ನೋಡಿದ್ರಾ ಮೇಡಂ. ಬಡವ ಬರಿಗೈಯಲ್ಲಿ ಹೋಗ್ತಾನಲ್ಲ ಅಂತ ತನ್ನ ನೆಲವನ್ನೇ ಅವನಿಗೆ ಕೊಡ್ತಿದಾರೆ. ಇಂಥ ಮನುಷ್ಯ ಎಲ್ಲಿ ಸಿಗ್ತಾನೆ?"

"ದೊಡ್ಡ ಮನುಷ್ಯ ಅಲ್ಲಪ್ಪಾ ನಾನು, ಗೇಣಿದಾರ" ಎಂದ ಮರ್ಯಾದಪ್ಪ. "ಮಾವ, ನೀನಾದ್ರೂ ಹೇಳು. ಈ ಗದ್ದೆ ಯಾರದು?"

ಗಾಡಿ ಮಾವ ಕಣ್ಣು ಮಿಟುಕಿಸಿದ. ನಾನೇ ಕೇಳಿದರೂ ಪರೀಕ್ಷೆ ಎಂದು ತಿಳಿದುಕೊ ಎಂಬ ಮಾತು ಅವನ ನೆನಪಿನಲ್ಲಿ ಗಟ್ಟಿಯಾಗಿ ಕೂತಿತ್ತು. "ನಿಂದೇ" ಎಂದ.

"ಅಕ್ಕ, ನಿನ್ನ ದಮ್ಮಯ್ಯ."

"ನಾನೇನು ಬಾಯಿ ಜಾರಿ ಆಡೋಳಲ್ಲ. ನಿಂದೇ" ಎಂದಳು ಎಮ್ಮೆ ಅಕ್ಕ, ತನ್ನ ನಿಯತ್ತಿಗೆ ತಾನೇ ಮೆಚ್ಚಿಕೊಂಡು.

ಮೇಡಂ ಹಣೆ ಒತ್ತಿಕೊಂಡರು. ನೆಲ ನನ್ನದು ನನ್ನದು ಎಂದು ಬಡಿದಾಡುವವರನ್ನು ಬಿಡಿಸಿ ಅವರಿಗೆ ರೂಢಿಯಿತ್ತು. ನನ್ನದಲ್ಲ ನನ್ನದಲ್ಲ ಎನ್ನುವವರಿಗೆ ಏನು ಮಾಡಬೇಕೆಂದು ಕಾನೂನಿನಲ್ಲಿ ಬರೆದಿರಲಿಲ್ಲ.

ಇಂಥ ಹೊತ್ತಿನಲ್ಲಿ, ಊಟಕ್ಕೆ ಕರೆಯಲೆಂದು ಮರ್ಯಾದಪ್ಪನ ಹೆಂಡತಿ ಬದುವಿನ ಮೇಲೆ ಬಂದಳು. ಅವಳ ಕಣ್ಣಿಗೆ ಬಿದ್ದದ್ದು ಟೈಲರಿನ ಕೆಸರು ಕಾಲು ಮಾತ್ರ. ಮೇಡಂ ಕಾಣಲಿಲ್ಲ, ಬೀಗರು ಕಾಣಲಿಲ್ಲ.

"ಇದೇನು ಯಜಮಾನ್ರೇ, ನಿಮ್ಮ ಗದ್ದೆಗೆ ನೀವೇ ಇಳಿದಿದೀರಲ್ಲ. ಮನೆಯಲ್ಲಿ ನಾವು ಸತ್ತಿದೀವಾ?" ಎಂದವಳು ಗಂಡನ ಕಡೆ ತಿರುಗಿದಳು. "ಒಡೆಯರನ್ನ ಕೆಸರಿಗೆ ಇಳಿಸಿ ನೀವು ಬೂಟು ಹಾಕ್ಕೊಂಡು ಕಾವಲು ನಿಂತಿದೀರಾ? ಇಷ್ಟು ದಿನ ಅವರ ನೆಲದ ಅನ್ನ ತಿಂದಿದ್ದು ಇದಕ್ಕೇನಾ?"

ಗುಮಾಸ್ತ ಬರೆದಿದ್ದ ಸಾಲನ್ನು ಹೊಡೆದುಹಾಕಿದ. ನೀರು ತರಿಸಿಕೊಂಡು ಕುಡಿದಿದ್ದ ಬೇಕರಿ ಯಜಮಾನನ ಮುಖ ಒಲೆಯಿಂದ ತೆಗೆದ ಬನ್ನಿನ ಬಣ್ಣಕ್ಕೆ ತಿರುಗಿತು. ಗಾಡಿ ಮಾವ ಮಾತ್ರ ಎಮ್ಮೆ ಅಕ್ಕನನ್ನು, "ಇವಳಿಗೆ ಯಾರೂ ಹೇಳಿಕೊಟ್ಟಿರಲಿಲ್ವಾ?" ಎಂದು ಕೇಳಿದ.

ಮೇಡಂ ದನಿ ಗಡುಸಾಯಿತು. "ಸರಿ. ಈಗ ನಿಮ್ಮನ್ನೇ ಕೇಳ್ತೀನಿ. ಗೇಣಿದಾರ ನೀವು. ನೆಲ ಬೇಕಾ, ಬಿಟ್ಟುಕೊಡ್ತೀರಾ?"

ಮರ್ಯಾದಪ್ಪ ಟೈಲರಿನ ಕಾಲನ್ನೇ ನೋಡುತ್ತಿದ್ದ. ಕೆಸರು ಒಣಗಿ ಬಿರುಕು ಬಿಡುತ್ತಿತ್ತು. ಈ ಕಾಲಿನ ಮುಂದೆ ನಿಂತು ಬೇಕು ಎನ್ನುವುದು ಹೇಗೆ.

"ಬಿಟ್ಟುಕೊಡ್ತೀನಿ" ಎಂದ.

"ಯಾರ ಒತ್ತಾಯ?"

"ಯಾರದ್ದೂ ಇಲ್ಲ. ನಾಚಿಕೆ ಮೇಡಂ."

"ನಾಚಿಕೆಗೆ ನೆಲ ಬಿಟ್ಟರೆ ಅದು ಸ್ವಂತ ಇಷ್ಟ ಆಗಲ್ಲ. ಅದೂ ಒತ್ತಾಯವೇ. ನಾನು ಬರ್ಕೊಳಲ್ಲ."

ಟೈಲರ್ ಕೈ ಒರೆಸಿಕೊಳ್ಳುತ್ತ ಹತ್ತಿರ ಬಂದ. "ನಿನಗೊಬ್ಬನಿಗೇ ನಾಚಿಕೆ ಇರೋದು ಅಂದ್ಕೊಂಡಿದೀಯಾ? ಮೇಡಂ ಬೇಕಾ ಅಂತ ಕೇಳಿದಾಗ ನನಗೂ ಬೇಕು ಅನ್ನಿಸಿತ್ತು. ನಾಲಿಗೆ ತುದಿಗೆ ಬಂದಿತ್ತು. ನೀನು ಉತ್ತ ನೆಲವನ್ನ, ನಿನ್ನ ವೇಷದಲ್ಲಿ ನಿಂತು, ನಾನು ಹೊಡ್ಕೊಳೋದರಲ್ಲಿದ್ದೆ. ಅದನ್ನ ಎಲ್ಲಿಗೆ ಹೋಗಿ ತೊಳೆದುಕೊಳ್ಳಲಿ?"

ಇಬ್ಬರು ಗಂಡಸರೂ ತಲೆ ತಗ್ಗಿಸಿ ನಿಂತರು. ಹೀಗೇ ಬಿಟ್ಟಿದ್ದರೆ ಸಂಜೆವರೆಗೂ ನಿಂತಿರುತ್ತಿದ್ದರು. ಹೆಂಡತಿ ಮುಂದೆ ಬಂದಳು.

"ಮೇಡಂ, ನಾಟಿ ಹಾಕಿದ್ದು ನಾನು, ಕಳೆ ಕಿತ್ತಿದ್ದು ನಾನು. ಉಳುವವರು ಅಂದ್ರೆ ನಾನೂ ಅಲ್ವಾ? ನನ್ನನ್ನ ಕೇಳಿ."

ಮೇಡಂ ಮೊದಲ ಸಲ ನಕ್ಕರು. "ಕೇಳ್ತೀನಮ್ಮ. ನೆಲ ಬೇಕಾ, ಬಿಟ್ಟುಕೊಡ್ತೀರಾ?"

"ಬೇಕು" ಎಂದಳು. "ಯಜಮಾನ್ರಿಗೆ ಬರಬೇಕಾದ ಪರಿಹಾರ ತಪ್ಪದೆ ಕೊಡಿ. ಅವರು ಕೇಳೋರಲ್ಲ." ಇಷ್ಟು ಹೇಳಿ, "ಊಟ ಆರ್ತಾ ಇದೆ, ಎಲ್ಲರೂ ಬನ್ನಿ" ಎಂದು ಮನೆ ಕಡೆ ತಿರುಗಿದಳು. ಗುಮಾಸ್ತ ಇಬ್ಬರ ಹೆಸರನ್ನೂ ಬರೆದ. ಹೆಂಡತಿಯ ಹೆಸರು ಮೊದಲು ಬಂತು.

ಊಟಕ್ಕೆ ಎಲ್ಲರೂ ಕೂತರು, ಮರ್ಯಾದಪ್ಪ ಮಾತ್ರ ಬಡಿಸುತ್ತಲೇ ಇದ್ದ. ಕೂತರೆ ಯಾರದಾದರೂ ಮುಖ ನೋಡಬೇಕಾಗುತ್ತಿತ್ತು. ಮಗಳು ಅವನ ಕೈಯಿಂದ ಪಾತ್ರೆ ತೆಗೆದುಕೊಳ್ಳಲು ಬಂದಳು. ಅವಳ ಮುಖವನ್ನಂತೂ ನೋಡಲಾರದೆ ಅವನು ಪಾತ್ರೆ ಬಿಡಲಿಲ್ಲ. ಬೇಕರಿ ಯಜಮಾನ ಟೈಲರಿನ ಪಕ್ಕ ಕೂತು, ನೀರಿನ ಲೋಟವನ್ನು ತಾನೇ ತುಂಬಿ ಅವನ ಮುಂದಿಟ್ಟ. ಬಾಯಿಂದ ಒಂದು ಕ್ಷಮೆಯ ಮಾತು ಬರಲಿಲ್ಲವಾದರೂ ಲೋಟ ಅರ್ಧ ಆದಾಗಲೆಲ್ಲ ತುಂಬಿಸಿದ. ಟೈಲರ್ ಪಾಪ ಅಷ್ಟನ್ನೂ ಕುಡಿದ.

ಕೈತೊಳೆದ ಮೇಲೆ ಬೇಕರಿ ಯಜಮಾನ ಗಂಟಲು ಸರಿಮಾಡಿಕೊಂಡು, "ಸುಳ್ಳು ಹೇಳಿದ ಮನೆಯಿಂದ ಹೆಣ್ಣು ತರೋದು ಅಂದ್ರೆ" ಎಂದು ಶುರು ಮಾಡಿದ.

ಬೆಳಗಿನಿಂದ ತುಟಿ ಬಿಚ್ಚದಿದ್ದ ಅವನ ಹೆಂಡತಿ ಅಲ್ಲಿಗೇ ತಡೆದಳು. "ಅಪ್ಪನ್ನ ನೋಡಿ ಹುಡುಗಿನ ಅಳತೆ ಮಾಡೋದು ಬೇಡ. ನಾನು ತಾಯಿನ ನೋಡಿದೀನಿ. ಆ ತಾಯಿ ಮಗಳು ನಮ್ಮನೆಗೆ ಬೇಕು. ನಮ್ಮಲ್ಲಿ ಪ್ರಶ್ನೆ ಯಾರಿಗೆ ಕೇಳಿದ್ರೂ ಉತ್ತರ ನೀವೇ ಹೇಳ್ತೀರಿ. ನಿಲ್ಲಿಸೋಕೆ ಒಬ್ಬಳಾದ್ರೂ ಇರಲಿ." ಬೇಕರಿ ಯಜಮಾನ ಅದಕ್ಕೆ ಉತ್ತರ ಹೇಳಲು ಹೊರಟು, ಹೇಳದೆ ಉಳಿದ.

ಹೀಗೆ ನೆಲವೂ ಆಯಿತು, ಸಂಬಂಧವೂ ಆಯಿತು. ಮರ್ಯಾದಪ್ಪ ಕುಣಿದಾಡಬೇಕಿತ್ತು. ಬದಲಿಗೆ ಪೇಟೆಗೆ ಹೋಗುವಾಗ ಟೈಲರಿನ ಅಂಗಡಿಯಿರುವ ಬೀದಿ ಬಿಟ್ಟು, ಮೀನು ಮಾರುವವರ ಓಣಿ ಸುತ್ತಿಕೊಂಡು ಹೋಗುವುದನ್ನು ಕಲಿತ. ಈಗ ಅವನು ಬಾಯಿ ತಪ್ಪಿಯೂ ಮರ್ಯಾದೆ ಎನ್ನುತ್ತಿರಲಿಲ್ಲ. ಯಾರಾದರೂ ಗದ್ದೆ ಹೇಗಿದೆ ಎಂದು ಕೇಳಿದರೆ, "ಅವಳದು ಚೆನ್ನಾಗಿದೆ" ಎನ್ನುತ್ತಿದ್ದ.

ಆದರೆ ಮದುವೆಗೆ ಅಂಗಿ ಬೇಕಲ್ಲ. ಹೆಂಡತಿ ಬಟ್ಟೆ ಕೈಗಿತ್ತು, "ಬೇರೆ ಅಂಗಡಿಗೆ ಹೋದ್ರೆ ಮನೆಗೆ ಬರಬೇಡಿ" ಎಂದಳು. ಮರ್ಯಾದಪ್ಪ ಟೈಲರಿನ ಬೀದಿಯ ತುದಿಯಲ್ಲಿ ಬಹಳ ಹೊತ್ತು ನಿಂತ. ಕೊನೆಗೆ ಟೈಲರೇ ಅಂಗಡಿಯಿಂದ ಕತ್ತು ಹೊರಗೆ ಹಾಕಿ, "ಬಿಸಿಲಲ್ಲಿ ಬಟ್ಟೆ ಬಣ್ಣ ಹೋಗುತ್ತೆ, ಒಳಗೆ ಬಾ" ಎಂದು ಕರೆದ.

ಒಳಗೆ ಹೋಗಿ ನಿಂತ. ಬಟ್ಟೆಯ ಚೂರುಗಳ ನಡುವೆ ಟೈಲರ್ ಕನ್ನಡಕ ಏರಿಸಿಕೊಂಡು ಅಳತೆ ಪಟ್ಟಿ ಹಿಡಿದು ಬಂದ. ಭುಜ ಅಳೆದ, ತೋಳು ಅಳೆದ, ಎದೆ ಅಳೆದ. ಕ್ಷಮಿಸಿ ಎಂಬ ಮಾತನ್ನು ಮರ್ಯಾದಪ್ಪ ಓಣಿಯುದ್ದಕ್ಕೂ ಕಟ್ಟಿಕೊಂಡು ಬಂದಿದ್ದ. ಈಗ ಅದು ಎಲ್ಲಿ ಹೋಯಿತೋ, ನೆಲದ ಮೇಲಿನ ಚೂರುಗಳಲ್ಲಿ ಹುಡುಕುವವನಂತೆ ಕೆಳಗೇ ನೋಡುತ್ತಿದ್ದ.

ಟೈಲರ್ ಪಟ್ಟಿಯನ್ನು ಅವನ ಕೊರಳ ಸುತ್ತ ತಂದ.

"ತಲೆ ಎತ್ತಯ್ಯ" ಎಂದ. "ಹೀಗೆ ತಗ್ಗಿಸಿದ್ರೆ ಕುತ್ತಿಗೆ ಅಳತೆ ಸಿಗಲ್ಲ."

ಮರ್ಯಾದಪ್ಪ ತಲೆ ಎತ್ತಿದ. ಕಣ್ಣು ಮಾತ್ರ ಗಟ್ಟಿಯಾಗಿ ಮುಚ್ಚಿಕೊಂಡಿದ್ದ.